ಜಾರ್ಜಿಯಾದ ಮಾಮ

ಲಾಕ್‌ಡೌನ್ ಆದ ವರ್ಷ ನನ್ನ ಮಗಳು ಜಾರ್ಜಿಯಾ ದೇಶದಿಂದ ಆಂಧ್ರದ ಗಡಿಯ ನಮ್ಮ ಆಲೂರಿಗೆ ವಾಪಸು ಬಂದಳು. ಅಲ್ಲಿ ಅವಳು ಡಾಕ್ಟರಿಕೆ ಓದುತ್ತಿದ್ದಳು. ಆದೋನಿ, ಪತ್ತಿಕೊಂಡ ಕಡೆಯ ಹಲವು ಮಕ್ಕಳು ಹಾಗೆ ಹೊರದೇಶಗಳಿಗೆ ಹೋಗಿ ಓದುತ್ತಿದ್ದುದರಿಂದ ನಮ್ಮ ಓಣಿಯವರಿಗೆ ಅದು ಹೊಸದೇನಲ್ಲ. ಆದರೆ ಜಾರ್ಜಿಯಾ ಎಲ್ಲಿದೆ ಎಂದು ಯಾರಾದರೂ ಕೇಳಿದರೆ ನಾನು ‘ರಷ್ಯಾದ ಕೆಳಗೆ’ ಎಂದು ಕೈ ಬೀಸಿ ಮಾತು ಮುಗಿಸುತ್ತಿದ್ದೆ. ಕನ್ನಡ ಮಾಧ್ಯಮದ ಶಾಲೆಯಲ್ಲಿ ಇಷ್ಟು ವರ್ಷ ಮಕ್ಕಳಿಗೆ ಭೂಪಟ ತೋರಿಸಿದವಳು ನಾನು. ಆ ದೇಶದ ಮೇಲೆ ನನ್ನ ಬೆರಳು ಒಮ್ಮೆಯೂ ನಿಂತಿರಲಿಲ್ಲ.

ಶಾಲೆ ಮುಚ್ಚಿತ್ತು. ಗಂಡನ ಗೊಬ್ಬರದ ಅಂಗಡಿ ಬೆಳಗ್ಗೆ ಸ್ವಲ್ಪ ಹೊತ್ತು ಮಾತ್ರ ತೆರೆಯುತ್ತಿತ್ತು; ಆದರೂ ಅವರು ದಿನವಿಡೀ ಅಲ್ಲೇ ಹಿಂದಿನ ಕೋಣೆಯಲ್ಲಿ ಫೋನು ಹಿಡಿದು ಮಲಗಿರುತ್ತಿದ್ದರು. ಮನೆಯಲ್ಲಿ ಉಳಿದವರು ನಾನು, ಮಗಳು ಮತ್ತು ನನ್ನ ಅತ್ತೆ. ಮೊಣಕಾಲು ನೋವಿನ ಅತ್ತೆಯ ಮಂಚ ಹಾಲಿನ ಕಿಟಕಿಯ ಪಕ್ಕದಲ್ಲಿತ್ತು, ಎದುರಿಗೆ ಟಿವಿ. ತೆಲುಗು ಧಾರಾವಾಹಿಗಳ ಶೂಟಿಂಗೇ ನಿಂತು ಹೋಗಿ, ಹಳೆಯ ಕಂತುಗಳನ್ನೇ ತಿರುಗಿ ತಿರುಗಿ ಹಾಕುತ್ತಿದ್ದ ಕಾಲ ಅದು. ಅತ್ತೆ ಆ ಪಾತ್ರಗಳಿಗೆ ಮುಂದೇನಾಗುತ್ತದೆ ಎಂದು ಮೊದಲೇ ಹೇಳಿ ಹೇಳಿ ಬೇಸತ್ತಿದ್ದರು.

ಮಗಳ ಕ್ಲಾಸುಗಳು ಫೋನಿನಲ್ಲೇ ನಡೆಯುತ್ತಿದ್ದವು. ಪಾಠವೆಲ್ಲ ಇಂಗ್ಲಿಷಿನಲ್ಲಿ. ಆದರೆ ಮುಂದಿನ ವರ್ಷದಿಂದ ವಾರ್ಡಿಗೆ ಹೋಗಬೇಕು, ಅಲ್ಲಿನ ರೋಗಿಗಳು ಜಾರ್ಜಿಯನ್ ಬಿಟ್ಟು ಬೇರೆ ಮಾತಾಡುವುದಿಲ್ಲ. ಅದಕ್ಕೆಂದೇ ಒಬ್ಬ ಭಾಷಾ ಟೀಚರು ಇದ್ದರು, ನಿವೃತ್ತಿಯ ಹತ್ತಿರ ಬಂದ ಹೆಂಗಸು. ಅವರು ಒಂದು ದಿನ ಮಕ್ಕಳಿಗೆ ಒಬ್ಬ ನಟನ ಹೆಸರು ಹೇಳಿ, ಸಿಕ್ಕಿದಷ್ಟು ಅವನ ಸಿನಿಮಾ ನೋಡಿ ಎಂದರಂತೆ. ಅವನ ಬಾಯಿಂದ ಪ್ರತಿ ಅಕ್ಷರವೂ ಬಿಡಿಯಾಗಿ ಬರುತ್ತದೆ. ಹದಿಹರೆಯದಿಂದ ಹಿಡಿದು ಮುಪ್ಪಿನವರೆಗೆ ಎಲ್ಲ ವಯಸ್ಸಿನಲ್ಲೂ ಮಾತಾಡಿದ್ದಾನೆ. ನಿಮ್ಮ ವಾರ್ಡಿಗೂ ಎಲ್ಲ ವಯಸ್ಸಿನವರು ಬರುತ್ತಾರಲ್ಲ, ಎಂದು ಅವರ ವಾದ.

ಮಗಳು ಫೋನನ್ನು ಟಿವಿಗೆ ಜೋಡಿಸಿ ಮೊದಲ ಸಿನಿಮಾ ಹಾಕಿದ್ದು ಒಂದು ಮಧ್ಯಾಹ್ನ. ಉಗ್ಗಾಣಿ ತಿಂದು ಮುಗಿಸಿ, ಫ್ಯಾನಿನ ಕೆಳಗೆ ಮೂವರೂ ಕೂತಿದ್ದೆವು. ಕಪ್ಪು ಬಿಳುಪಿನ ಚಿತ್ರ, ಕೆಳಗೆ ಬರಹವೂ ಇಲ್ಲ. ಬೆಟ್ಟದ ಬುಡದಲ್ಲಿ ಒಂದು ಊರು, ಕಲ್ಲಿನ ಮನೆಗಳು, ಎತ್ತಿನ ಗಾಡಿಯ ಮೇಲೆ ದೊಡ್ಡ ದೊಡ್ಡ ಮಣ್ಣಿನ ಹಂಡೆಗಳು. ಗಾಡಿ ಹೊಡೆಯುವವನೇ ನಮ್ಮ ನಟ. ತೆಳ್ಳಗೆ, ಉದ್ದ ಮೂಗು, ದಟ್ಟ ಹುಬ್ಬು. ಗಾಡಿ ಮನೆ ಮುಂದೆ ನಿಂತದ್ದೇ ಎರಡು ಮಕ್ಕಳು “ಮಾಮಾ! ಮಾಮಾ!” ಎಂದು ಓಡಿ ಬಂದು ಅವನ ಕಾಲಿಗೆ ತೆಕ್ಕೆ ಬಿದ್ದವು.

ಅತ್ತೆ ಮಂಚದ ಮೇಲೆ ಎದ್ದು ಕೂತರು. “ಮಾಮ ಅಂದ್ವಲ್ಲ? ಕೇಳಿದ್ಯಾ? ನಮ್ಮ ಮಾತೇ ಐತಿ!”

ಮಗಳು ನಗು ತಡೆಯಲು ತುಟಿ ಕಚ್ಚಿಕೊಂಡಳು.

ಅಲ್ಲಿಂದ ಮುಂದೆ ಅತ್ತೆಯೇ ನಮಗೆ ಕಥೆ ಹೇಳಿದರು. ಈತ ಆ ಮಕ್ಕಳ ಸೋದರಮಾವ. ಒಲೆಯ ಮುಂದೆ ಕೂತಾಕಿ ಇವನ ಅಕ್ಕ. ಆಕಿಯ ಗಂಡ ಎಲ್ಲೋ ಹೋಗಿದ್ದಾನೆ, ಬಹುಶಃ ಯುದ್ಧಕ್ಕೆ. ಪಾಪ, ತನ್ನ ಮದುವೆ ಬಿಟ್ಟು ಅಕ್ಕನ ಸಂಸಾರ ನೋಡಿಕೊಳ್ಳುತ್ತಿದ್ದಾನೆ ಹುಡುಗ. ಅವನು ಆ ಹೆಂಗಸಿನ ಮೇಲೆ ಒಮ್ಮೆ ರೇಗಿದಾಗ ಅತ್ತೆ ಸಿಟ್ಟಾದರು. “ಒಡಹುಟ್ಟಿದಾಕಿಗೆ ಹಂಗ ಅಂತಾರೇನು?” ಆಕೆ ಅವನಿಗೆ ಬೆನ್ನು ತಿರುಗಿಸಿ ಅತ್ತಾಗ, “ಗಂಡನ ನೆಪ್ಪಾಗೇತಿ ಆಕಿಗಿ,” ಎಂದರು. ಸಿನಿಮಾದ ಕೊನೆಗೆ ಗಡ್ಡ ಬಿಟ್ಟ, ಚೀಲ ಹೊತ್ತ ಒಬ್ಬ ಮುದುಕ ಊರ ದಾರಿಯಲ್ಲಿ ಬಂದ. ಅತ್ತೆ ಚಪ್ಪಾಳೆ ತಟ್ಟಿಬಿಟ್ಟರು.

“ಬಂದ ನೋಡು! ನಾ ಹೇಳಿಲ್ಲೇನು? ಗಂಡ ಬಂದ!”

ಮಗಳಿಗೆ ಇನ್ನು ತಡೆಯಲಾಗಲಿಲ್ಲ. ನಕ್ಕು ನಕ್ಕು ಚಾಪೆಯ ಮೇಲೆ ಉರುಳಿದಳು. “ಅಜ್ಜಿ, ಆತ ಟಪಾಲಿನಾತ. ಮಾಮಾ ಅಂದ್ರ ಅವ್ರ ಭಾಷೆದಾಗ ಅಪ್ಪ. ಅವ್ರಿಬ್ರೂ ಗಂಡ ಹೆಂಡ್ತಿ.”

“ಅಪ್ಪಗ ಮಾಮ ಅಂತಾರಾ?”

“ಹೂಂ. ಅಮ್ಮಗ ದೆಡಾ ಅಂತಾರ.”

“ದೇಡ್ ಅಂದ್ರ ಒಂದೂವರಿ ಅಲ್ಲೇನು? ಆದೋನ್ಯಾಗ ಸಾಬ್ರು ಅಂತಾರಲ್ಲ.” ಆಮೇಲೆ, “ಹಂಗಾರ ಮಾಮಗ ಏನಂತಾರ?” ಎಂದು ಕೇಳಿದರು.

“ಬಿಡ್ಜಾ.”

“ಬಿಡ್ಜಾ ಅಂತ, ಬಿಡ್ಜಾ! ಬಿಡು ಅತ್ಲಾಗ. ನಮಗ ಇಂವ ಮಾಮಾನೇ.”

ಅವತ್ತಿನಿಂದ ಆ ನಟನ ಹೆಸರು ನಮ್ಮ ಮನೆಯಲ್ಲಿ ಮಾಮ ಎಂದೇ ಆಯಿತು. ನಿಜವಾದ ಹೆಸರಿನಲ್ಲಿ ಒತ್ತಕ್ಷರಗಳು ಹೆಚ್ಚು. ಅದನ್ನು ಹೇಳಲು ಹೋಗಿ ಅತ್ತೆಯ ಹಲ್ಲಿನ ಸೆಟ್ಟು ಸಡಿಲವಾಗುತ್ತಿತ್ತು.

ಸಿನಿಮಾಗಳು ಸಿಕ್ಕ ಕ್ರಮದಲ್ಲಿ ನಾವು ನೋಡಿದೆವು, ಅಂದರೆ ಯಾವ ಕ್ರಮವೂ ಇರಲಿಲ್ಲ. ಇವತ್ತು ಮಾಮ ಬಿಳಿಗಡ್ಡದ ಪಾದ್ರಿ, ನಾಳೆ ಹೊಸ ಮದುಮಗ. ಒಂದರಲ್ಲಿ ರಾಜ, ಕಿರೀಟದ ಭಾರಕ್ಕೆ ಕತ್ತು ತಿರುಗಿಸಲಾಗದವನ ಹಾಗೆ ಮೈಯೆಲ್ಲ ತಿರುಗಿಸುತ್ತಿದ್ದ. ಇನ್ನೊಂದು ಸಣ್ಣ ನಗೆಚಿತ್ರದಲ್ಲಿ ಮಾತೇ ಇರಲಿಲ್ಲ; ರಸ್ತೆ ಮಾಡುವ ಕೂಲಿಗಳು ಊಟಕ್ಕೆ ಕೂತಾಗ ಮಾಮನ ರೊಟ್ಟಿಯನ್ನು ಒಂದು ಕತ್ತೆ ಎಳೆದುಕೊಂಡು ಹೋಗುತ್ತದೆ, ಅಷ್ಟೇ ಕಥೆ. ಅದನ್ನು ಮಗಳು ಭಾಷೆ ಕಲಿಯಲು ಹಾಕಿರಲಿಲ್ಲ, ಅತ್ತೆಯ ಒತ್ತಾಯಕ್ಕೆ ಮತ್ತೆ ಮತ್ತೆ ಹಾಕುತ್ತಿದ್ದಳು. ಆ ದೇಶದಲ್ಲಿ ರೊಟ್ಟಿಗೆ ಪುರಿ ಅನ್ನುತ್ತಾರೆಂದು ತಿಳಿದು ಅತ್ತೆಗೆ ಬಹಳ ಸಂತೋಷವಾಗಿತ್ತು.

ನನಗೆ ಹಿಡಿದ ಗೀಳು ಬೇರೆ. ನಾನು ಅವನ ಮುಖ ನೋಡುತ್ತಿದ್ದೆ. ಒಂದೇ ವಾರದಲ್ಲಿ ಒಬ್ಬ ಮನುಷ್ಯನನ್ನು ಇಪ್ಪತ್ತರಲ್ಲೂ ಎಪ್ಪತ್ತರಲ್ಲೂ ನೋಡುವುದು ನಮ್ಮ ಬದುಕಿನಲ್ಲಿ ಆಗುವಂಥದ್ದಲ್ಲ. ನಮ್ಮ ಜೊತೆಯವರು ನಮ್ಮ ಜೊತೆಗೇ ನಿಧಾನ ಹಣ್ಣಾಗುತ್ತಾರೆ. ಯಾವತ್ತು ಕತ್ತಿನ ಚರ್ಮ ಸಡಿಲವಾಯಿತು, ಯಾವತ್ತು ನಗು ಒಂದು ಪಕ್ಕಕ್ಕೆ ವಾಲಿತು ಎಂದು ತಿಳಿಯುವುದೇ ಇಲ್ಲ. ಮಾಮನ ವಿಷಯದಲ್ಲಿ ನಾನು ಹಿಂದೆ ಮುಂದೆ ಹೋಗಿ ನೋಡಬಹುದಿತ್ತು. ಹಾಗೆ ನೋಡುವಾಗ ಎಡ ಹುಬ್ಬಿನ ಮೇಲೆ ಒಂದು ಗಾಯದ ಗುರುತು ಕಣ್ಣಿಗೆ ಬಿತ್ತು. ಕಪ್ಪು ಬಿಳುಪಿನ ಚಿತ್ರಗಳಲ್ಲಿ ಅದು ಇರಲಿಲ್ಲ. ಬಣ್ಣದ ಚಿತ್ರಗಳಲ್ಲೆಲ್ಲ ಇತ್ತು. ಯಾವುದೋ ಎರಡು ಸಿನಿಮಾಗಳ ನಡುವೆ ಆ ಮನುಷ್ಯನಿಗೆ ಪೆಟ್ಟಾಗಿದೆ. ಯಾವಾಗ? ಹೇಗೆ?

“ಅಮ್ಮ, ನೀನು ಪೊಲೀಸ್ ಆಗ್ಬೇಕಿತ್ತು,” ಎಂದಳು ಮಗಳು.

“ರಾಜನ ಸಿನಿಮಾದಾಗ ಕುದುರಿ ಮ್ಯಾಲಿಂದ ಬಿದ್ದಿರ್ಬೇಕು, ನೋಡು. ಅದಕ್ಕ ಮುಂಚಿಂದ್ರಾಗ ಗುರ್ತಿಲ್ಲ,” ಎಂದೆ ನಾನು.

ನನಗಿಂತ ದೊಡ್ಡ ಪ್ರಶ್ನೆಯನ್ನು ಮುಂದಿಟ್ಟವರು ಅತ್ತೆ. ಲಾರಿ ಡ್ರೈವರಾಗಿ ನಟಿಸಿದ ಒಂದು ಚಿತ್ರದಲ್ಲಿ ಮಾಮನ ಕೂದಲು ಪೂರ್ತಿ ಕಪ್ಪು. ಅದರ ನಂತರದ್ದು ಯಾವುದು ಹುಡುಕಿದರೂ ಸಿಗುವುದು ಬಿಳಿ ತಲೆಯ ಪಾದ್ರಿಯದೇ. ನಡುವೆ ಏನೂ ಇಲ್ಲ. ಎಷ್ಟೋ ವರ್ಷ ಮನುಷ್ಯ ಮಾಯವಾಗಿಬಿಟ್ಟಿದ್ದ.

“ಕೂದ್ಲು ಅಷ್ಟು ಬೆಳ್ಳಗಾಗಬೇಕಾದ್ರ ಏನೋ ಆಗೇತಿ,” ಎಂದರು ಅತ್ತೆ. “ಜೈಲಿಗೆ ಹಾಕಿರ್ಬೇಕು.”

ನಾನು ಕಾಯಿಲೆ ಎಂದೆ. ಮಗಳು, ಬೇರೆ ದೇಶಕ್ಕೆ ಹೋಗಿ ಸೋತು ಬಂದಿರಬೇಕು ಎಂದಳು. ಎದುರುಮನೆಯ ತೆಲುಗಿನಾಕೆ ಶೇಂಗಾ ಕೊಡಲು ಬಂದು ಬಾಗಿಲಲ್ಲೇ ನಿಂತು ಟಿವಿ ಕಡೆ ಕಣ್ಣು ಹಾಯಿಸಿ, “ಎವರಮ್ಮಾ ಆಯನ?”, ಯಾರಮ್ಮ ಆತ, ಎಂದು ಕೇಳಿದಳು. ಅತ್ತೆ ತೆಲುಗಿನಲ್ಲೇ “ಮಾ ಮಾಮ” ಎಂದರು. ನಮ್ಮ ಮಾಮ! ಆಕೆ ಗೋಡೆಯ ಮೇಲಿನ ನಮ್ಮ ಮಾವನವರ ಫೋಟೋವನ್ನೂ ಟಿವಿಯನ್ನೂ ಒಮ್ಮೆ ನೋಡಿ, ಏನೂ ಅರ್ಥವಾಗದೆ ಹೋದಳು.

ಮಗಳು ಟೀಚರನ್ನು ಕೇಳಿದಳು. ಆ ಹೆಂಗಸು ತನ್ನ ಹುಡುಗಿತನದಲ್ಲಿ ಮಾಮನ ಫೋಟೋವನ್ನು ಹಾಸಿಗೆಯ ಕೆಳಗೆ ಬಚ್ಚಿಟ್ಟುಕೊಂಡಿದ್ದವಳಂತೆ. ಅವನು ಕಾಣದ ಆ ವರ್ಷಗಳಲ್ಲಿ, ರಷ್ಯಾದಿಂದ ಬೇರೆಯಾದ ಮೇಲೆ, ನಮ್ಮ ದೇಶದಲ್ಲಿ ಕರೆಂಟೇ ಇರಲಿಲ್ಲ, ಬ್ರೆಡ್ಡಿಗೆ ಬೆಳಗಿನ ಜಾವ ಎದ್ದು ಸಾಲು ನಿಲ್ಲುತ್ತಿದ್ದೆವು, ಸಿನಿಮಾ ಯಾರು ತೆಗೆಯಬೇಕು, ಎಂದರು. ಹಾಗಾದರೆ ಅವನು ಏನು ಮಾಡುತ್ತಿದ್ದ ಎಂದು ಇವಳು ಕೇಳಿದ್ದಕ್ಕೆ ನಕ್ಕು, “ವಾಪಸು ಬಂದ ಮೇಲೆ ಅವನನ್ನೇ ಕೇಳು. ಹೇಳುವುದೆಂದರೆ ಅವನಿಗೆ ಇಷ್ಟ,” ಎಂದರಂತೆ.

ಮಳೆ ಶುರುವಾಗಿ, ಶೇಂಗಾ ಬಿತ್ತನೆ ಮುಗಿದ ಹೊತ್ತಿಗೆ ನಾನು ಇನ್ನೊಂದು ವಿಷಯ ಗಮನಿಸಿದೆ. ಯಾವ ಸಿನಿಮಾ ಹಾಕಲಿ ಎಂದು ಮಗಳು ಕೇಳಿದರೆ ಅತ್ತೆ ಯಾವಾಗಲೂ ಮುದುಕ ಮಾಮನದೇ ಕೇಳುತ್ತಿದ್ದರು. ಕಥೆ ಹೇಗಿದ್ದರೂ ಚಿಂತೆಯಿಲ್ಲ. ಒಂದರಲ್ಲಿ ಮಾಮ ಬರೀ ಒಂದು ಬೆಂಚಿನ ಮೇಲೆ ಕೂತು, ಎದ್ದು, ಮೆಟ್ಟಿಲು ಹತ್ತಿ ಮನೆಗೆ ಹೋಗುತ್ತಾನೆ. ಅದನ್ನು ಅವರು ಎವೆಯಿಕ್ಕದೆ ನೋಡಿದ್ದರು. ಕುದುರೆ ಓಡಿಸುವ, ಹಾಡುವ, ಕುಣಿಯುವ ಚೆಂದದ ಮಾಮ ಬಂದರೆ ಅವರಿಗೆ ನಿದ್ದೆ.

ಬೇಳೆ ಆರಿಸುತ್ತ ಕೂತಿದ್ದಾಗ ಕೇಳಿಯೇಬಿಟ್ಟೆ. “ಅತ್ತಿ, ಯಾಕ್ರಿ ನಿಮಗ ಮುದುಕನ ಸಿನಿಮಾನೇ ಬೇಕು?”

ಅವರು ಮೊರವನ್ನು ಒಮ್ಮೆ ಕೇರಿ, “ಕಪ್ಪು ಕೂದ್ಲಿನವನ್ನ ನಾ ನೋಡೀನಿ. ಬಿಳಿ ಕೂದ್ಲಿನವನ್ನ ನೋಡಿಲ್ಲ,” ಎಂದರು.

ನನಗೆ ಅರ್ಥವಾಗಲು ಒಂದು ಗಳಿಗೆ ಹಿಡಿಯಿತು. ಅತ್ತೆಯನ್ನು ಅವರ ತಾಯಿಯ ತಮ್ಮನಿಗೇ ಕೊಟ್ಟಿದ್ದರು. ಈ ಕಡೆ ಅದು ವಿಶೇಷವೇನಲ್ಲ. ಚಿಕ್ಕಂದಿನಿಂದ ಮಾಮ ಎಂದು ಕರೆದವರನ್ನು ಮದುವೆಯಾದ ಮೇಲೂ ಅವರು ಮಾಮ ಎಂದೇ ಕರೆಯುತ್ತಿದ್ದರಂತೆ. ನಾನು ಈ ಮನೆಗೆ ಸೊಸೆಯಾಗಿ ಬರುವುದಕ್ಕೆ ಬಹಳ ಮುಂಚೆಯೇ ಮಾವನವರು ಹೋಗಿಬಿಟ್ಟಿದ್ದರು. ನಾನು ಕಂಡದ್ದು ಗೋಡೆಯ ಮೇಲಿನ ಫೋಟೋ ಮಾತ್ರ: ಕಪ್ಪು ಮೀಸೆ, ಎಣ್ಣೆ ಹಚ್ಚಿ ಹಿಂದಕ್ಕೆ ಬಾಚಿದ ಕಪ್ಪು ಕೂದಲು, ಈಗ ನನ್ನ ಗಂಡನಿಗಿಂತಲೂ ಚಿಕ್ಕ ವಯಸ್ಸಿನ ಮುಖ.

“ಮಾವನವ್ರು ಹಿಂಗ ಇದ್ರೇನ್ರಿ, ನೋಡಾಕ?”

“ಎಲ್ಲಿ ಹಿಂಗ! ಅವ್ರು ಕುಳ್ಳಗ, ಕರ್ರಗ. ಮೂಗೂ ಇಷ್ಟುದ್ದ ಇರ್ಲಿಲ್ಲ.” ಒಂದು ಕಲ್ಲು ಹೆಕ್ಕಿ ಬಿಸಾಕಿ, ಮತ್ತೆ ಹೇಳಿದರು. “ಮುದುಕ್ರಾದ ಗಂಡಸ್ರು ಮನ್ಯಾಗ ಹೆಂಗ ಓಡಾಡ್ತಾರ, ಹೆಂಗ ಕುಂದ್ರುತಾರ, ನಮ್ಮನ್ಯಾಗ ನೋಡ್ಲೇ ಇಲ್ಲ ನಾನು. ಅದಕ್ಕ ನೋಡ್ತೀನಿ.”

ಅಷ್ಟೇ ಹೇಳಿ, ಬೇಳೆಯಲ್ಲಿ ಹುಳ ಬಿದ್ದಿದೆ, ಅಂಗಡಿಯವನಿಗೆ ವಾಪಸು ಕೊಡು ಎಂದು ನನ್ನನ್ನು ಬೈದರು.

ಆ ಮೇಲೆ ಮುದುಕ ಮಾಮನನ್ನು ನಾನೂ ಬೇರೆ ಥರ ನೋಡತೊಡಗಿದೆ. ಟಿವಿ ಧಾರಾವಾಹಿಯಲ್ಲಿ ಅಜ್ಜನಾಗಿ, ಸೋಡಾನೀರಿನ ಜಾಹೀರಾತಿನಲ್ಲಿ ಬಾಟಲಿ ಹಿಡಿದು, ಹೊಸ ಹುಡುಗರು ತೆಗೆದ ಸಣ್ಣ ಸಣ್ಣ ಚಿತ್ರಗಳಲ್ಲಿ ಪಕ್ಕದ ಮನೆಯವನಾಗಿ, ಎಲ್ಲ ಕಡೆ ಅವನಿದ್ದ. ಒಂದು ಕಾಲಕ್ಕೆ ಅವನನ್ನು ನೋಡಲು ಜನ ಥಿಯೇಟರಿನ ಬಾಗಿಲು ಮುರಿದಿದ್ದರಂತೆ. ಈಗ ಎರಡು ನಿಮಿಷಕ್ಕೆ ಬಂದು, ಒಂದು ಲೋಟ ನೀರು ಕೇಳಿ ಹೋಗುತ್ತಿದ್ದ. ಆದರೆ ಆ ನೀರನ್ನು ನಿಜವಾಗಿ ಬಾಯಾರಿದವನಂತೆ ಕುಡಿಯುತ್ತಿದ್ದ.

ವಿಮಾನಗಳು ಶುರುವಾದವು. ಮಗಳನ್ನು ಆದೋನಿ ಸ್ಟೇಷನ್ನಿನಲ್ಲಿ ರೈಲು ಹತ್ತಿಸಿ ಬಂದೆವು. ಆಮೇಲೆ ವಾರ್ಡಿನ ಸುದ್ದಿಗಳು ಫೋನಿನಲ್ಲಿ ಬರತೊಡಗಿದವು. ಅವಳ ಜಾರ್ಜಿಯನ್ ಕೇಳಿ ಒಬ್ಬ ರೋಗಿ, ನೀನು ಹಳೆ ಸಿನಿಮಾದವರ ಹಾಗೆ ಯಾಕೆ ಮಾತಾಡುತ್ತೀ ಎಂದನಂತೆ. ಇವಳು ಮಾಮನ ಹೆಸರು ಹೇಳಿದಳು. ಆ ವಾರ್ಡಿನ ಮುದುಕಿಯರೆಲ್ಲ ಅವತ್ತಿನಿಂದ ಇವಳನ್ನೇ ಕರೆಯುತ್ತಿದ್ದರಂತೆ. ಎಲ್ಲಿ ನೋವು, ಯಾವಾಗಿನಿಂದ, ಚುಚ್ಚಿದಂತೆಯೋ ಹಿಂಡಿದಂತೆಯೋ, ಮೆಟ್ಟಿಲು ಹತ್ತಿದರೆ ಹೆಚ್ಚೋ: ಅಷ್ಟರ ಮಟ್ಟಿಗೆ ಅವಳ ಭಾಷೆ ಪೂರ್ತಿ ಪಕ್ಕಾ ಆಗಿತ್ತು. ಅದರಾಚೆಗೆ ತರಕಾರಿ ಕೊಳ್ಳಲೂ ತಡವರಿಸುತ್ತೇನೆ ಎನ್ನುತ್ತಿದ್ದಳು.

ಒಂದು ಭಾನುವಾರ ಸಂಜೆ, ನಾನು ದೀಪ ಹಚ್ಚಿ ಹೊರಗೆ ಬರುವಷ್ಟರಲ್ಲಿ ಅವಳ ವಿಡಿಯೋ ಕಾಲ್ ಬಂತು. ಹಿಂದೆ ಗಲಾಟೆ, ಕಪ್ಪು-ಬಸಿಗಳ ಸದ್ದು. ಟೀಚರು ವಿದ್ಯಾರ್ಥಿಗಳನ್ನು ಮಧ್ಯಾಹ್ನದ ಒಂದು ನಾಟಕಕ್ಕೆ ಕರೆದುಕೊಂಡು ಹೋಗಿದ್ದರು. ನಾಟಕ ಮುಗಿದ ಮೇಲೆ ಥಿಯೇಟರಿನ ಪಕ್ಕದ ಚಹಾದಂಗಡಿಯಲ್ಲಿದ್ದರು.

“ಅಜ್ಜಿಗೆ ಕೊಡು, ಅಮ್ಮ. ಲಗೂನ.”

ನಾನು ಫೋನನ್ನು ಮಂಚದ ಬಳಿ ಹಿಡಿದೆ. ಪರದೆಯ ಮೇಲೆ ಮಗಳ ಮುಖ ಸರಿದು, ಉಣ್ಣೆಯ ಟೋಪಿ, ದಪ್ಪ ಕನ್ನಡಕದ ಒಬ್ಬ ಮುದುಕ ಬಂದ. ಹುಬ್ಬಿನ ಮೇಲಿನ ಗುರುತು ಕನ್ನಡಕದ ಅಂಚಿನಲ್ಲಿ ಕಾಣುತ್ತಿತ್ತು.

ಅತ್ತೆ ಗಡಬಡಿಸಿ ತಲೆಯ ಮೇಲೆ ಸೆರಗು ಎಳೆದುಕೊಂಡರು. ಬಾಯಿಂದ ಬಂದದ್ದು ಒಂದೇ ಮಾತು. “ಮಾಮಾ!”

ಆ ಮನುಷ್ಯ ಬೆರಗಾಗಿ ಮಗಳ ಕಡೆ ತಿರುಗಿ ಏನೋ ಹೇಳಿದ. ಸುತ್ತ ಕೂತವರೆಲ್ಲ ಗೊಳ್ಳೆಂದು ನಕ್ಕರು. ಮಗಳು ನಗುತ್ತಲೇ ಹೇಳಿದಳು: “‘ನನಗಿಷ್ಟು ದೊಡ್ಡ ಮಗಳು ಯಾವಾಗ ಹುಟ್ಟಿದ್ಳು, ನನ್ನ ಹೆಂಡ್ತಿ ಹೇಳ್ಲೇ ಇಲ್ಲ’ ಅಂತಾರ, ಅಜ್ಜಿ.”

ಅತ್ತೆ ನಾಚಿಕೊಂಡರು. ಅವರು ಹಾಗೆ ನಾಚಿದ್ದನ್ನು ನಾನು ಅದುವರೆಗೆ ಕಂಡಿರಲಿಲ್ಲ.

“ಇವತ್ತಿನ ನಾಟಕದಾಗ ಇವ್ರೇ ಇದ್ರು. ಏನ್ ಕೇಳ್ಬೇಕಂತಿದ್ದಿ ಕೇಳು, ಅಜ್ಜಿ. ಹೇಳ್ತಾರಂತ.”

ಜೈಲಿನ ವಿಷಯ ಕೇಳಿಬಿಡುತ್ತಾರೇನೋ ಎಂದು ನನಗೆ ಒಳಗೊಳಗೇ ಭಯ. ಅತ್ತೆ ಫೋನಿನ ಹತ್ತಿರ ಬಗ್ಗಿ ಕೇಳಿದ್ದು ಬೇರೆ. “ಮೆಟ್ಲ ಹತ್ತಾಗ ಮೊಣಕಾಲು ನೋಯ್ತಾವೇನಂತ ಕೇಳು. ಬೆಂಚಿನ ಸಿನಿಮಾದಾಗ ಎಡಗಾಲು ಎಳೀತಿದ್ದ. ಅದು ಪಾತ್ರದ್ದೋ, ಖರೇನೇ ಐತೋ?”

ಮಗಳ ಮುಖ ಅರಳಿತು. ಇದು ಅವಳಿಗೆ ಗೊತ್ತಿದ್ದ ಭಾಷೆ. ಸರಾಗವಾಗಿ ಕೇಳಿದಳು. ಮಾಮ ಕೈಯಲ್ಲಿದ್ದ ಕಪ್ಪನ್ನು ಕೆಳಗಿಟ್ಟ. ಆಮೇಲೆ ಅವನು ಹೇಳಿದ್ದು ಒಂದು ಸಿನಿಮಾದಷ್ಟು ಉದ್ದವಿತ್ತು. ನೋವು ಖರೇನೇ. ಡೈರೆಕ್ಟರು ಹುಡುಗ ಅದನ್ನು ನಟನೆ ಎಂದು ತಿಳಿದು ಬಹಳ ಹೊಗಳಿದ. ತಾನೂ ಸುಮ್ಮನೆ ಹೊಗಳಿಸಿಕೊಂಡನಂತೆ. ಬೆಳಗ್ಗೆ ಹೆಚ್ಚು, ಚಳಿಗೆ ಹೆಚ್ಚು. ಇಳಿಯುವಾಗ ಹತ್ತುವುದಕ್ಕಿಂತ ಕಷ್ಟ. ನಿಮಗೂ ಹಾಗೇನಾ?

“ಹೌದ್ಹೌದು, ಇಳಿಯಾಗ್ಲೇ!” ಅತ್ತೆ ಮಂಚದ ಅಂಚಿಗೆ ಸರಿದರು. “ನಾನು ಹಿಂದ್ಹಿಂದಕ ಇಳೀತೀನಿ ಅಂತ ಹೇಳು. ಗ್ವಾಡಿ ಹಿಡ್ಕಂಡು. ಹಂಗಾದ್ರ ಕಮ್ಮಿ.”

ಮಗಳು ಹೇಳಿದಳು. ಮಾಮ ಎದ್ದು ನಿಂತು, ಕುರ್ಚಿ ಹಿಡಿದು ಹಿಂದಕ್ಕೆ ಮೆಟ್ಟಿಲಿಳಿಯುವವರ ಹಾಗೆ ಮಾಡಿ ತೋರಿಸಿದ. ಪಕ್ಕಾ ನಮ್ಮ ಅತ್ತೆಯೇ. ಕಣ್ಣಾರೆ ಕಂಡವನ ಹಾಗೆ ಸೆರಗನ್ನೂ ಎತ್ತಿ ಹಿಡಿದ.

ನನಗೂ ಧೈರ್ಯ ಬಂತು. ಹುಬ್ಬಿನ ಗಾಯದ ವಿಷಯ ಕೇಳಿಸಿದೆ. ಕುದುರೆಯೂ ಇಲ್ಲ, ಕತ್ತಿಯೂ ಇಲ್ಲ. ಅಡುಗೆಮನೆಯಲ್ಲಿ ಉಪ್ಪು ಹುಡುಕುವಾಗ ಕಪಾಟಿನ ಬಾಗಿಲು ಹೊಡೆದದ್ದಂತೆ. ಪತ್ರಿಕೆಯವರಿಗೆ ಮಾತ್ರ ಕುದುರೆ ಎಂದೇ ಹೇಳುತ್ತ ಬಂದಿದ್ದಾನಂತೆ. “ಮತ್ತ, ಸಿನಿಮಾದಾಗ ಇಲ್ದ ಆ ವರ್ಷಗಳು?” ಎಂದು ಕೇಳು ಎಂದೆ.

ಮಾಮ ನಿಧಾನ ಹೇಳಿದ. ಮಗಳು ನಿಲ್ಲಿಸಿ ನಿಲ್ಲಿಸಿ, ಟೀಚರ ಸಹಾಯ ಪಡೆದು ನಮಗೆ ದಾಟಿಸಿದಳು. ಎಲ್ಲಿಗೂ ಹೋಗಿರಲಿಲ್ಲ. ಇದೇ ಊರಿನಲ್ಲಿದ್ದ. ಕ್ಯಾಮೆರಾ ಇರಲಿಲ್ಲ, ಇದ್ದರೂ ಕರೆಂಟು ಇರಲಿಲ್ಲ. ನಾಟಕವನ್ನು ಮೇಣದಬತ್ತಿ ಹಚ್ಚಿಕೊಂಡು, ಕೋಟು ಹಾಕಿಕೊಂಡೇ ಮಾಡುತ್ತಿದ್ದರು. ಹೊಟ್ಟೆಪಾಡಿಗೆ ಟಿವಿಯವರಿಗೆ ಧ್ವನಿ ಕೊಡುತ್ತಿದ್ದ. ಹೊರದೇಶದ ಸಿನಿಮಾಗಳು ಬರುತ್ತಿದ್ದವು. ಎಲ್ಲ ಪಾತ್ರಕ್ಕೂ ಒಂದೇ ಧ್ವನಿ, ಅವನದೇ. ಗಂಡನೂ ಅವನೇ, ಹೆಂಡತಿಯೂ ಅವನೇ, ಕಳ್ಳನೂ ಪೊಲೀಸೂ ಅವನೇ. ಇಂಡಿಯಾದ ಸಿನಿಮಾ ಬಂದರೆ ಗಂಟಲಿಗೆ ಬಹಳ ಕೆಲಸ. ಅಷ್ಟು ವರ್ಷ ಅವನ ಮುಖವನ್ನು ಯಾರೂ ನೋಡಲಿಲ್ಲ. ಆದರೆ ಕರೆಂಟು ಬಂದ ಕೂಡಲೇ ಎಲ್ಲರ ಮನೆಯಲ್ಲಿ ಮೊದಲು ಕೇಳುತ್ತಿದ್ದದ್ದು ಅವನ ದನಿ.

“‘ನಾನು ಎಷ್ಟೋ ಸಲ ಇಂಡಿಯಾದ ತಾಯಿಯಾಗಿ ಅತ್ತೀನಿ’ ಅಂತಾರ, ಅಮ್ಮ.”

ಹಾಗೆಂದವನೇ ಅಲ್ಲೇ ಕೂತಲ್ಲಿ ಅತ್ತು ತೋರಿಸಿದ. ಕಳೆದುಹೋದ ಮಗ ಮನೆ ಬಾಗಿಲಿಗೆ ಬಂದಾಗಿನ ತಾಯಿಯ ಅಳು. ಮಾತು ಜಾರ್ಜಿಯನ್, ದನಿ ಒಬ್ಬ ಮುದುಕನದು. ಆದರೂ ಆ ಅಳು ನಾನು ಆದೋನಿಯ ಟಾಕೀಸುಗಳಲ್ಲಿ ಕೇಳಿದ್ದೇ. ಮಗಳು ನಮಗೆ ತಿಳಿಸಿ ಹೇಳುವ ಮೊದಲೇ ಅತ್ತೆ ಗಾಬರಿಯಾಗಿ ನನ್ನ ಕೈ ಹಿಡಿದರು.

“ಏನಾತು ಆತಗ? ಯಾಕ್ ಅಳಾಕತ್ಯಾನ? ಸಾಕಂತ ಹೇಳು, ಎದಿ ಒಡ್ಕಂಡಾನು!”

ಮಾಮ ತಟ್ಟನೆ ನಿಲ್ಲಿಸಿ, ಕಣ್ಣೊರೆಸಿಕೊಂಡು, ತಣ್ಣಗಾದ ಚಹಾ ಕುಡಿದ. ಹೊರಡುವಾಗ ಅತ್ತೆಗೆ ಕೈ ಮುಗಿದು ಒಂದು ಮಾತು ಹೇಳಿದ. ಗೆನಾತ್ಸ್ವಾಲೆ. ಅವರ ಕಡೆ ಅಕ್ಕರೆಯವರಿಗೆ ಹಾಗನ್ನುತ್ತಾರಂತೆ. ನಿನ್ನ ಬದಲು ನಾನಿರಲಿ, ನಿನಗೆ ಬರುವುದು ನನಗೆ ಬರಲಿ ಎಂದು ಅರ್ಥ.

“ಮೊಣಕಾಲಿಂದೂ ತಗೊಂತಾನಂತೇನು?” ಎಂದರು ಅತ್ತೆ. ಆಮೇಲೆ ತಾವೇ, “ಬ್ಯಾಡ ಬ್ಯಾಡ, ಅವಂದೇ ಅವಗ ಸಾಕಾಗೇತಿ,” ಎಂದರು. ಅದನ್ನು ಮಗಳು ಹೇಳಿದಳೋ ಇಲ್ಲವೋ, ಅಷ್ಟರಲ್ಲಿ ಸಿಗ್ನಲ್ ಹೋಯಿತು.

ಆ ರಾತ್ರಿ ಗಂಡ ಊಟಕ್ಕೆ ಕೂತಾಗ ಅತ್ತೆ ಎಲ್ಲವನ್ನೂ ಮೊದಲಿನಿಂದ ಹೇಳಿದರು. ಜೈಲಿನ ಸಂಶಯವನ್ನು ಪೂರ್ತಿ ಬಿಟ್ಟಿರಲಿಲ್ಲ. ಎಲ್ಲರ ಮುಂದೆ ಹೆಂಗ ಹೇಳ್ಯಾನು, ಎಂದರು.

ಮಗಳು ಓದು ಮುಗಿಸಿ ಬಂದಳು. ಹೊರದೇಶದಲ್ಲಿ ಓದಿದ ಡಾಕ್ಟರುಗಳು ಇಲ್ಲಿ ಬರೆಯಬೇಕಾದ ಪರೀಕ್ಷೆ ಮೊದಲ ಸಲ ಆಗಲಿಲ್ಲ. ಎರಡನೇ ಸಲ ಪಾಸಾದಳು. ಈಗ ಆದೋನಿಯ ಒಂದು ಖಾಸಗಿ ಆಸ್ಪತ್ರೆಯಲ್ಲಿ ಡ್ಯೂಟಿ ಡಾಕ್ಟರು, ಆಲೂರಿನಿಂದ ಬಸ್ಸಿನಲ್ಲಿ ಓಡಾಡುತ್ತಾಳೆ. ಒಬ್ಬರಿಗೆ ಕನ್ನಡ, ಒಬ್ಬರಿಗೆ ತೆಲುಗು, ಒಬ್ಬರಿಗೆ ದಖನಿ ಉರ್ದುವಿನಲ್ಲಿ ಎಲ್ಲಿ ನೋವು ಎಂದು ಕೇಳುತ್ತಾಳೆ. ಸುಸ್ತಾದ ದಿನ ಜಾರ್ಜಿಯನ್ ಬಾಯಿಗೆ ಬಂದುಬಿಡುತ್ತದಂತೆ. ಟೀಚರು ನಿವೃತ್ತರಾಗಿದ್ದಾರೆ, ಆದರೂ ಇವಳಿಗೆ ಮೆಸೇಜು ಮಾಡುವುದು ನಿಲ್ಲಿಸಿಲ್ಲ. ಮಾಮ ಇನ್ನೂ ನಟಿಸುತ್ತಿದ್ದಾನೆ. ನಮ್ಮ ಅತ್ತೆಗೂ ಈಗ ಕೈಯಲ್ಲಿ ಕೋಲು ಬಂದಿದೆ.

ಹೋದ ತಿಂಗಳು ಟೀಚರು ಒಂದು ಹಳೆಯ ಸಿನಿಮಾ ಕಳಿಸಿದರು. ನಾವು ನೋಡಿದ ಎಲ್ಲದಕ್ಕಿಂತ ಹಳೆಯದು. ಮಾಮ ಇನ್ನೂ ಕಾಲೇಜು ಹುಡುಗ, ಮಧ್ಯಾಹ್ನದ ಊಟ ಸಿಗುತ್ತದೆಂದು ಶೂಟಿಂಗಿನ ಜನರ ಗುಂಪಿನಲ್ಲಿ ನಿಂತಿದ್ದನಂತೆ. ಸಂತೆಯ ದೃಶ್ಯ, ಮಳೆ ಬರುತ್ತದೆ, ಎಲ್ಲರೂ ಓಡುತ್ತಾರೆ. ಹೆಸರು ಹಾಕುವ ಕಡೆ ಅವನ ಹೆಸರೂ ಇಲ್ಲ. ನಾವು ಆ ಓಟವನ್ನು ನಿಲ್ಲಿಸಿ ನಿಲ್ಲಿಸಿ ನೋಡಿದೆವು. ನಾನು ಟೋಪಿ ಹಿಂದೆ ತಿರುಗಿಸಿದ ಹುಡುಗನನ್ನು ತೋರಿಸಿದೆ, ಮೂಗು ಅದೇ ಎಂದು. ಮಗಳು ಬೆನ್ನು ಮಾತ್ರ ಕಾಣುವ ಒಬ್ಬನನ್ನು ತೋರಿಸಿದಳು. ಅತ್ತೆ ಬುಟ್ಟಿ ಹೊತ್ತ ಇನ್ನೊಬ್ಬನನ್ನು. ಮೂವರಲ್ಲಿ ಒಬ್ಬರೂ ಸೋಲೊಪ್ಪಲಿಲ್ಲ. ಕೊನೆಗೆ ಮಗಳು ಟೀಚರ ಮೂಲಕ ಮಾಮನನ್ನೇ ಕೇಳಿಸಿದಳು.

ಉತ್ತರ ನಿನ್ನೆ ಬಂತು. ತನಗೂ ಗುರುತು ಸಿಗಲಿಲ್ಲವಂತೆ. ಓಡುವಾಗ ಒಂದು ಬೂಟು ಕೆಸರಿನಲ್ಲಿ ಕಳಚಿ ಬಿದ್ದದ್ದು ಮಾತ್ರ ನೆನಪಿದೆಯಂತೆ.

ಇವತ್ತು ಮಗಳಿಗೆ ರಜೆ. ಅತ್ತೆ ಕನ್ನಡಕ ಒರೆಸಿಕೊಂಡು, ಕುರ್ಚಿಯನ್ನು ಟಿವಿಗೆ ಮೂಗು ತಾಗುವಷ್ಟು ಹತ್ತಿರ ಹಾಕಿಸಿಕೊಂಡಿದ್ದಾರೆ.

“ಸ್ವಲ್ಪ ಹಿಂದಕ್ಕ ಹಾಕು,” ಎಂದರು. “ಆ ಗಾಡಿ ಹಿಂದ ಒಬ್ಬ ಓಡಿದ್ನಲ್ಲ, ಅವನ ಕಾಲು ನೋಡಾಮು.”